ಮೂರನೆಯ ಕೂಗು

ಕನ್ನಡಕ ಪೆಟ್ಟಿಗೆಯಲ್ಲಿರಲಿಲ್ಲ. ತಿಮ್ಮರಾಯಪ್ಪ ಬಟ್ಟೆಗಳನ್ನೆಲ್ಲ ಹೊರಗೆಳೆದು ಹಾಕಿ, ತಳಕ್ಕೆ ಹಾಸಿದ್ದ ಕಾಗದವನ್ನೂ ಎತ್ತಿ ನೋಡಿದ. ಕಪ್ಪು ದಪ್ಪ ಚೌಕಟ್ಟಿನ ಆ ಕನ್ನಡಕವನ್ನು ಅವನು ಕೊರಟಗೆರೆ ಕೋರ್ಟಿಗೆ ಹೋಗುವ ದಿನ ಮಾತ್ರ ಒಯ್ಯುತ್ತಿದ್ದ. ಹಾಕಿಕೊಂಡರೆ ಅರ್ಧ ಗಂಟೆಯಲ್ಲಿ ತಲೆ ಸಿಡಿಯುತ್ತಿತ್ತು.

ಹೊರಗೆ ಅವ್ವ ಲಕ್ಕಮ್ಮ ಚಪ್ಪಲಿ ಮೆಟ್ಟಿ ನಿಂತಿದ್ದಳು.

"ಏನ್ಲಾ ಹುಡುಕ್ತಿದ್ದೀಯ? ಬಸ್ಸು ಹೊಂಟೋಯ್ತದೆ."

"ಏನಿಲ್ಲ ಕಣವ್ವ. ನೀನು ಬರಬ್ಯಾಡ ಅಂದ್ನಲ್ಲ."

"ಅರ್ಜಿ ಹಾಕ್ದೋಳೇ ನಾನು. ನಾನೇ ಬರಬ್ಯಾಡ್ವಾ?"

ಅದೇನೋ ನಿಜ. ಅಣ್ಣತಮ್ಮಂದಿರ ಎರಡು ದಾವೆಗಳು ಎಂಟು ವರ್ಷದಿಂದ ಎರಡು ಊರುಗಳಲ್ಲಿ ನಡೆಯುತ್ತಿದ್ದವು. ಅಪ್ಪ ಕೊರಟಗೆರೆ ಹತ್ತಿರ ಕೊಂಡಿದ್ದ ಹೊಲಕ್ಕೆ ತಮ್ಮ ಬೊಮ್ಮಪ್ಪನ ದಾವೆ ಅಲ್ಲಿನ ಕೋರ್ಟಿನಲ್ಲಿ. ಅವನು ಹಾಕಿದ ಮೇಲೆ ನಾವೂ ಒಂದು ಹಾಕಲೇಬೇಕು ಎಂದು ವಕೀಲರು ಹಟ ಹಿಡಿದಿದ್ದರಿಂದ, ಬುಕ್ಕಾಪಟ್ಟಣದ ಹೊಲಕ್ಕೆ ತಿಮ್ಮರಾಯಪ್ಪನ ದಾವೆ ಶಿರಾದಲ್ಲಿ. ಎರಡರಲ್ಲೂ ಲಕ್ಕಮ್ಮ ಪ್ರತಿವಾದಿ. ಶಿರಾದಲ್ಲಿ ತಮ್ಮನ ಪರವಾಗಿ ವಕೀಲರಷ್ಟೇ ನಿಲ್ಲುತ್ತಿದ್ದರು, ಕೊರಟಗೆರೆಯಲ್ಲಿ ಅಣ್ಣನ ಪರವಾಗಿ. ಇಬ್ಬರನ್ನೂ ಒಂದೇ ಕೋರ್ಟಿನಲ್ಲಿ ಕಂಡವರಿಲ್ಲ. ಅಷ್ಟು ದ್ವೇಷ ಎಂದು ಅವರ ಊರು ದೊಡ್ಡೇರಿಯ ಜನ ಆಡಿಕೊಳ್ಳುತ್ತಿದ್ದರು.

ಅದಕ್ಕೂ ಮೊದಲು ಬೊಮ್ಮಪ್ಪ ಬೋರ್‌ವೆಲ್ ಲಾರಿಯವರ ಜೊತೆ ಪಾವಗಡದ ಕಡೆ ದುಡಿಯುತ್ತಿದ್ದ. ಅವನನ್ನು ಕರೆತರಲು ಹೋದ ತಿಮ್ಮರಾಯಪ್ಪ ನಾಲ್ಕು ದಿನ ಬಿಟ್ಟು ಒಬ್ಬನೇ ಬಂದ. ಭಾಗದ ಮಾತಿಗೆ ಜಗಳವಾಯಿತು, ಇನ್ನು ಮನೆಗೆ ಕಾಲಿಡುವುದಿಲ್ಲವಂತೆ ಎಂದ. ಅವ್ವ ಊಟ ಬಿಟ್ಟಳು. ತಿಂಗಳುಗಟ್ಟಲೆ ಗಂಜಿಯಲ್ಲೇ ಕಳೆದಳು. ಕೊರಟಗೆರೆಯಿಂದ ಕೋರ್ಟಿನ ನೋಟೀಸು ಬಂದ ದಿನ ಅದರಲ್ಲಿದ್ದ ಮಗನ ಹೆಸರನ್ನು ಎರಡೆರಡು ಸಲ ಓದಿಸಿಕೊಂಡು, ಎದ್ದು ಮುದ್ದೆ ಉಂಡಳು. ಜಗಳ ಕಾಯುವಷ್ಟಾದರೂ ಗಟ್ಟಿಯಾಗಿದ್ದಾನಲ್ಲ ಎಂದಳು.

ಆಮೇಲೆ ಕೊರಟಗೆರೆಯ ಪ್ರತಿ ವಾಯಿದೆಯ ಸಂಜೆಯೂ ತಿಮ್ಮರಾಯಪ್ಪನನ್ನು ಕೇಳುತ್ತಿದ್ದಳು. ಬಂದಿದ್ದನೇ? ಬಂದಿದ್ದ. ಸೊರಗಿದ್ದಾನೆಯೇ? ಇಲ್ಲ. ಈಗೊಂದು ವರ್ಷದಿಂದ ಕೇಳುವುದನ್ನೇ ನಿಲ್ಲಿಸಿದ್ದಳು. ಯಾರಿಗೂ ಹೇಳದೆ ಮಧುಗಿರಿಯ ವಕೀಲ ಗಂಗಾಧರಯ್ಯನವರಲ್ಲಿಗೆ ಹೋಗಿ, ಎರಡೂ ದಾವೆಗಳನ್ನು ಮಧುಗಿರಿ ಕೋರ್ಟಿಗೇ ತಂದು ಒಟ್ಟಿಗೆ ವಿಚಾರಿಸಬೇಕೆಂದು ಅರ್ಜಿ ಹಾಕಿಸಿದ್ದಳು. ತಿಮ್ಮರಾಯಪ್ಪ ತಕರಾರು ತೆಗೆದ. ನಿನಗೇನು ತೊಂದರೆ ಎಂದು ಅವನ ವಕೀಲರೇ ಕೇಳಿದಾಗ ಕಾಗದಗಳನ್ನು ಮಡಚಿಕೊಂಡು ಎದ್ದುಬಂದ. ಆದೇಶ ಬಂತು. ಮೊದಲ ವಾಯಿದೆಗೆ ಅಣ್ಣತಮ್ಮ ಇಬ್ಬರೂ ಖುದ್ದಾಗಿ ಹಾಜರಾಗಬೇಕು.

ಆ ವಾಯಿದೆ ಇವತ್ತು. ಇಬ್ಬರು ಮಕ್ಕಳನ್ನೂ ಒಟ್ಟಿಗೆ ನೋಡುವ ಆಸೆಯಲ್ಲಿ ಹೊರಟಿದ್ದಾಳೆ. ಅದು ಮುರಿದರೆ ಮತ್ತೆ ಅನ್ನ ಮುಟ್ಟಲಾರಳು. ಈ ವಯಸ್ಸಿಗೆ ಉಳಿಯಲಾರಳು.

ಬಸ್ಸಿನಲ್ಲಿ ಅವಳ ತೊಡೆಯ ಮೇಲೆ ಚೀಲವಿತ್ತು. ಇಣುಕಿದರೆ ಎರಡು ಡಬ್ಬಿ.

"ಮೂರು ಜನಕ್ಕೆ ಎರಡೇ?"

"ಸಾಕು ಬುಡು."

ಮಕ್ಕಳಿಗೆ ಉಣಿಸಿ ತಾನು ಉಪವಾಸವಿರುವ ಲೆಕ್ಕ ಎಂದುಕೊಂಡ.

ಕೋರ್ಟಿನ ಸೂರಿನಾಚೆ ಬೆಟ್ಟದ ಬೋಳು ಬಂಡೆ ಆಗಲೇ ಕಾದಿತ್ತು. ತಿಮ್ಮರಾಯಪ್ಪ ಗೇಟಿನವರೆಗೆ ಹೋದ, ಬಂದ. ನಲ್ಲಿಯ ಹತ್ತಿರ ಹೋದ, ನೀರು ಕುಡಿಯದೆ ಬಂದ. ಅವನ ಚಡಪಡಿಕೆ ಕಂಡ ಗಂಗಾಧರಯ್ಯ, "ಅಣ್ಣತಮ್ಮ ಇಲ್ಲೇ ಹೊಡೆದಾಡಿದ್ರೆ ನಾನಂತೂ ಅಡ್ಡ ಬರಲ್ಲ ಕಣಪ್ಪ" ಎಂದು ನಕ್ಕರು. ಅವ್ವ ನಗಲಿಲ್ಲ. ಬೊಮ್ಮಪ್ಪನ ವಕೀಲರು ಗೇಟಿನಲ್ಲಿ ಕಾಣಿಸಿದಾಗ ತಿಮ್ಮರಾಯಪ್ಪ ಕಂಬದ ಮರೆಗೆ ಸರಿದ. ಅವರು ಒಳಗೆ ಹೋದ ಮೇಲೆಯೇ ಬಂದು ಅವ್ವನ ಪಕ್ಕ ಕುಳಿತ.

ಅಟೆಂಡರ್ ಬಾಗಿಲಿಗೆ ಬಂದು ಕೂಗಿದ. "ತಿಮ್ಮರಾಯಪ್ಪಾ..."

"ಇದ್ದೀನಿ ಸ್ವಾಮಿ."

"ಬೊಮ್ಮಪ್ಪಾ..."

ಜಗಲಿಯಲ್ಲಿದ್ದವರೆಲ್ಲ ಗೇಟಿನ ಕಡೆ ತಿರುಗಿದರು. ಮೂರು ಕೂಗಿಗೂ ಬಾರದಿದ್ದರೆ ಗೈರುಹಾಜರು ಎಂದು ಬರೆದುಕೊಳ್ಳುತ್ತಾರೆ.

"ಬೊಮ್ಮಪ್ಪಾ..."

ತಿಮ್ಮರಾಯಪ್ಪನೂ ತಿರುಗಿದ. ಅವ್ವನೊಬ್ಬಳು ಮಾತ್ರ ಗೇಟಿನ ಕಡೆ ನೋಡುತ್ತಿರಲಿಲ್ಲ. ತಿಮ್ಮರಾಯಪ್ಪನನ್ನೇ ನೋಡುತ್ತಿದ್ದಳು. ಮೂರನೆಯ ಕೂಗಿಗೆ ಮೊದಲು ಅವಳು ಚೀಲಕ್ಕೆ ಕೈಹಾಕಿ, ಎರಡು ಡಬ್ಬಿಗಳ ನಡುವಿನಿಂದ ಕಪ್ಪು ದಪ್ಪ ಚೌಕಟ್ಟಿನ ಕನ್ನಡಕ ತೆಗೆದು ಅವನ ಅಂಗೈಯಲ್ಲಿಟ್ಟಳು.

"ಇದಿಲ್ದೆ ನನ್ ಬೊಮ್ಮ ಹೊಸ್ಲು ದಾಟ್ತಿರ್ಲಿಲ್ಲ. ನಿನ್ ಪೆಟ್ಟಿಗೇಲಿ ಸಿಕ್ಕಿದ್ ದಿನಾನೇ ನಂಗೆ ತಿಳೀತು," ಎಂದಳು. "ಕೊರಟಗೆರೇಲಿ ಅವ್ನ ಹೆಸ್ರಿಗೆ ಎಂಟು ವರ್ಸ ನೀನೇ ಓಗೊಟ್ಟಿದ್ದೀಯ ಮಗಾ. ಈಗ ಎದ್ದೋಗಿ, ಅವ್ನು ಸತ್ತೋದ ಅಂತ ಹೇಳ್ಬುಟ್ಟು ಬಾ. ಆಮ್ಯಾಲೆ ಇಬ್ರೂ ಉಣ್ಣಾನ."