ಗೇಟಿನಲ್ಲೊಂದು ಕೂದಲು

ನಿರ್ದೇಶಕ ಜೂಲಿಯನ್ ಹೆಸ್ಕೆತ್ “ಕಟ್” ಅಂದುಬಿಟ್ಟ. ಕ್ಯಾಮೆರಾ ಸಹಾಯಕ ನಾರಿಸ್ ಕೆಂಪು ಬಾವುಟ ಬೀಸಿದ. ಇಂಗ್ಲೆಂಡಿನ ಸಫೋಕ್‌ನ ಬೂದು ಕಡಲಿನಲ್ಲಿ ಅಷ್ಟು ದೂರ ಹೋಗಿದ್ದ ದೋಣಿ ದಂಡೆಯ ಕಡೆಗೆ ತಿರುಗಿತು. ಮರದ ಕಟ್ಟೆಯ ತುದಿಯಲ್ಲಿ, ದೋಣಿಯಲ್ಲಿ ಹೊರಟುಹೋದ ಗಂಡನನ್ನು ನೋಡುತ್ತ ನಿಲ್ಲಬೇಕಾಗಿದ್ದ ನಟಿ ಇಸೊಬೆಲ್ ರೂಕ್ ಇನ್ನೇನು ಹಿಂದಕ್ಕೆ ತಿರುಗುವುದರಲ್ಲಿದ್ದವಳು ಅಲ್ಲೇ ತಡೆದು ನಿಂತಳು. ಅದನ್ನು ಕಂಡವರು ಒಬ್ಬರೇ, ಛಾಯಾಗ್ರಾಹಕ ಆಂಬ್ರೋಸ್ ಪಾರ್ಗೆಟರ್.

“ಸೊಗಸಾಗಿ ಬಂತು,” ಎಂದ ಹೆಸ್ಕೆತ್. ಇಪ್ಪತ್ತೊಂಬತ್ತರ ಹುಡುಗ, ಮೊದಲ ಸಿನಿಮಾ. ಅದುವರೆಗೆ ಅವನು ತೆಗೆದದ್ದೆಲ್ಲ ಸೋಪು, ಬಿಸ್ಕತ್ತಿನ ಜಾಹೀರಾತುಗಳು. ಮೂವತ್ತು ಸೆಕೆಂಡು ದಾಟಿದರೆ ಮೈಮೇಲೆ ಇರುವೆ ಹರಿದಂತೆ ಆಡುತ್ತಿದ್ದ.

ಪಾರ್ಗೆಟರಿಗೆ ಅರವತ್ತೆರಡು. ನಲವತ್ತು ವರ್ಷ ಬೇರೆಯವರ ಸಿನಿಮಾಗಳಿಗೆ ಬೆಳಕು ಕೊಟ್ಟಿದ್ದರು. ನಡುವೆ ಮೂರನ್ನು ತಾವೇ ನಿರ್ದೇಶಿಸಿದ್ದರು. ಮೂರನೆಯದು ಬಂದಾಗ ಲಂಡನ್ನಿನ ಒಬ್ಬ ವಿಮರ್ಶಕ ಬರೆದ: ‘ಒಂದೊಂದು ಚಿತ್ರವೂ ಚಂದ, ಚಿತ್ರವೊಂದೇ ಚಂದವಿಲ್ಲ.’ ಅದಾಗಿ ಎಂಟು ವರ್ಷ. ಆಮೇಲೆ ಬೆಳಕಿಗೆ ಕರೆದವರುಂಟು, ಕುರ್ಚಿಗೆ ಕರೆದವರಿಲ್ಲ. ಆ ಕುರ್ಚಿ ಈಗಲೂ ಒಂದು ಮೊಳದ ಅಂತರದಲ್ಲೇ ಇತ್ತು, ಬೆನ್ನಿನ ಮೇಲೆ ಹೆಸ್ಕೆತ್ ಎಂದು ಬರೆಸಿಕೊಂಡು. ಅದರಲ್ಲಿ ಕೂತವನ ಹೊರತು ‘ಕಟ್’ ಅನ್ನುವ ಹಕ್ಕು ಯಾರಿಗೂ ಇಲ್ಲ. ಎಂಟು ವರ್ಷದಿಂದ ಪಾರ್ಗೆಟರ್ ಆ ಮಾತು ಬಾಯಿಗೆ ಬಂದಾಗಲೆಲ್ಲ ಒಂದು ಗುಟುಕು ಚಹಾ ಕುಡಿದು ಒಳಗೆ ಇಳಿಸುತ್ತಿದ್ದರು.

“ಗೇಟು ನೋಡು, ನಾರಿಸ್,” ಎಂದರು.

ಗೇಟೆಂದರೆ ಕ್ಯಾಮೆರಾದೊಳಗೆ ಫಿಲ್ಮು ಬೆಳಕಿಗೆ ಮುಖ ಕೊಡುವ ಕಿಂಡಿ. ಶಾಟು ಮುಗಿದ ಮೇಲೆ ಅದನ್ನು ತೆರೆದು ನೋಡುವುದು ಪದ್ಧತಿ. ಒಂದೆಳೆ ಕೂದಲು ಸಿಕ್ಕಿಕೊಂಡಿದ್ದರೂ ಪರದೆಯ ಮೇಲೆ ಅದು ಹಗ್ಗ. ಮತ್ತೆ ತೆಗೆಯಲೇಬೇಕು, ಯಾರೂ ಯಾರನ್ನೂ ಬೈಯುವಂತಿಲ್ಲ.

ನಾರಿಸ್ ಕಿಂಡಿಗೆ ಪುಟ್ಟ ಟಾರ್ಚು ಹಿಡಿದ. “ಚೊಕ್ಕಟವಾಗಿ...” ಎನ್ನುವಷ್ಟರಲ್ಲಿ ಪಾರ್ಗೆಟರ್ ಅವನ ಹೆಗಲು ಒತ್ತಿದರು. ಇಪ್ಪತ್ತೆರಡು ವರ್ಷ ಜೊತೆಗೆ ದುಡಿದ ಹೆಗಲು ಅದು. “ಚೊಕ್ಕಟವಾಗಿ ಒಂದು ಕೂದಲು ಕೂತಿದೆ, ಯಜಮಾನ್ರೇ,” ಎಂದು ಮುಗಿಸಿದ.

ಹೆಸ್ಕೆತ್ ಪಾರ್ಗೆಟರ ತಲೆ ನೋಡಿದ. ಅಲ್ಲಿ ಮೋಡದ ನೆರಳು ಬಿಟ್ಟರೆ ಬೇರೇನಿರಲಿಲ್ಲ. “ಯಾರದಂತೆ ಕೂದಲು? ನಿಮ್ಮದಂತೂ ಅಲ್ಲ.”

“ನಂದೇ ಇರ್ಬೇಕು ಸಾರ್. ಬಹಳ ಹಿಂದೆ ಉದುರಿದ್ದು,” ಎಂದರು ಪಾರ್ಗೆಟರ್.

ಎಲ್ಲರೂ ನಕ್ಕರು. ಹೆಸ್ಕೆತ್ ನಗಲಿಲ್ಲ. ಹತ್ತಿರ ಬಂದು ದನಿ ತಗ್ಗಿಸಿದ. “ಬಿಸ್ಕತ್ತು ಮಾರಿದವನಾದ್ರೂ ನಂಗೂ ಗೇಟು ಗೊತ್ತು, ಪಾರ್ಗೆಟರ್ ಅವರೇ. ಕೂದಲೂ ಇಲ್ಲ, ಗೀದಲೂ ಇಲ್ಲ. ನಾನು ಏನು ಕಳ್ಕೊಂಡೆ, ಅದನ್ನ ಹೇಳಿ.”

“ಅವಳು ತಿರುಗೋದ್ರಲ್ಲಿದ್ಳು.”

“ತಿರುಗು ಅಂತ ನಾನು ಹೇಳೇ ಇಲ್ವಲ್ಲ.”

“ಅದಕ್ಕೇ ನೋಡೋ ಹಾಗಿತ್ತು.”

ಹೆಸ್ಕೆತ್ ಬೂಟಿನ ತುದಿಯಿಂದ ಒಂದು ಬೆಣಚುಕಲ್ಲು ಒದ್ದ. ಅದು ಉರುಳಿ ನಿಂತ ಮೇಲೆ ಹೇಳಿದ: “ನನ್ನ ಬಾಯಿ ತಡ್ಯಲ್ಲ. ಈ ಸಲ ನೀವೇ ಹೇಳಿಬಿಡಿ, ಕಟ್ ಅಂತ.”

“ತಮಾಷೆ ಮಾಡ್ಬೇಡಿ.”

“ತಮಾಷೆ ಶುರು ಮಾಡಿದ್ದು ನೀವು. ನಾನು ಬಾಯಿ ಮುಚ್ಕೊಂಡಿರ್ತೀನಿ.”

ಪಾರ್ಗೆಟರ್ ಕೈಯಲ್ಲಿದ್ದ ಚಹಾ ಕೆಳಗಿಟ್ಟರು. ನಾರಿಸ್ ಹೊಸ ರೀಲು ಹಾಕುತ್ತ, “ನಾಲ್ಕು ನಿಮಿಷ ಇದೆ ಯಜಮಾನ್ರೇ, ಮರೀಬೇಡಿ. ಬಾವುಟ ಕಾಣೋವರೆಗೂ ಆ ದೋಣಿಯವನು ನಿಲ್ಲಲ್ಲ. ಹಾಲೆಂಡ್‌ಗೆ ಹೋಗಿ ಚೀಸ್ ತಗೊಂಡೇ ಬರೋದು,” ಎಂದ. ಆಮೇಲೆ ಹೆಸ್ಕೆತ್‌ನ ಬಿಕ್ಕಳಿಕೆಯಂಥ ‘ಕಟ್’ ಅನ್ನು ಮೂಗಿನಲ್ಲಿ ಹೊರಡಿಸಿ ತೋರಿಸಿದ. ಪಾರ್ಗೆಟರ್ ಕಡಲಿನ ಕಡೆ ಮುಖ ಮಾಡಿ, ಹಳೆಯ ಕೋಟು ಇನ್ನೂ ಆಗುತ್ತದೆಯೇ ಎಂದು ತೋಳು ತೂರಿಸಿ ನೋಡುವವರಂತೆ, ದನಿಯಿಲ್ಲದೆ ಆ ಮಾತನ್ನು ಒಮ್ಮೆ ತುಟಿಗೆ ತಂದುಕೊಂಡರು.

ಕ್ಯಾಮೆರಾ ಓಡತೊಡಗಿತು. ದೋಣಿ ಹೊರಟಿತು. ಒಂದು ನಿಮಿಷ ಇಸೊಬೆಲ್ ಅಲುಗಲಿಲ್ಲ. ಎರಡು ನಿಮಿಷವಾಯಿತು. ಹೆಸ್ಕೆತ್ ಎರಡೂ ಅಂಗೈಗಳನ್ನು ತೊಡೆಯ ಕೆಳಗೆ ಒತ್ತಿಕೊಂಡು ಕೂತಿದ್ದ. ಮೂರನೆಯ ನಿಮಿಷದಲ್ಲಿ ಅವಳು ತಿರುಗಿದಳು. ನೋಡಿದ್ದು ಊರಿನ ಕಡೆಗಲ್ಲ, ಹೊರಡುವ ಮುನ್ನ ಗಂಡ ತನ್ನ ಚೀಲ ಇಟ್ಟಿದ್ದ ಹಲಗೆಯ ಕಡೆಗೆ. ಅಲ್ಲಿ ಚೀಲದ ಅಗಲಕ್ಕೆ ಒದ್ದೆಯಾಗಿತ್ತು. ಬಗ್ಗಿ ಅದನ್ನು ಅಂಗೈಯಿಂದ ಮುಟ್ಟಿದಳು. ಎದ್ದು ಮತ್ತೆ ಕಡಲು ನೋಡುತ್ತ ನಿಂತಳು.

ಹೆಸ್ಕೆತ್‌ನ ಕಣ್ಣು ತುಂಬಿತ್ತು. ಅವನು ಪಾರ್ಗೆಟರ ಕಡೆ ನೋಡಿದ. ನಾರಿಸ್ ಬಾವುಟ ಕೈಗೆ ತೆಗೆದುಕೊಂಡು ಆ ಮಾತಿಗೆ ಕಾದ. ಪಾರ್ಗೆಟರ್ ಬಾಯಿ ತೆರೆದರು. ನಾಲಿಗೆ ಅಂಗುಳಿಗೆ ತಾಗಿತು, ಅಲ್ಲೇ ನಿಂತಿತು.

ಫಿಲ್ಮು ಮುಗಿದು ಅದರ ತುದಿ ಡಬ್ಬಿಯೊಳಗೆ ತಪತಪ ಹೊಡೆದುಕೊಳ್ಳತೊಡಗಿತು.

“ಯಜಮಾನ್ರೇ,” ನಾರಿಸ್ ಪಿಸುಗುಟ್ಟಿದ, “ರೀಲು ಮುಗೀತು. ಕಟ್ ಅನ್ನಿ.”

“ಅಂತೀನಿ. ಸ್ವಲ್ಪ ಇರು.”

ಯಾರೂ ಸಾಕು ಅನ್ನದ್ದರಿಂದ ಇಸೊಬೆಲ್ ನಿಂತೇ ಇದ್ದಳು. ದೋಣಿ ಹಾಲೆಂಡಿನ ಕಡೆಗೆ ಹೋಗುತ್ತಲೇ ಇತ್ತು.