ಎಡಗೈ ಸಲಾಮು

"ಎಡಗೈಲಿ ಸಲಾಮು ಹೊಡೀತೀಯೇನ್ಲಾ? ಏನ್ ಕೊಬ್ಬು ನಿಂಗೆ!" ಕ್ರಿಕೆಟ್ ಕ್ಲಬ್ಬಿಗೆ ಹೊಸದಾಗಿ ಅಧ್ಯಕ್ಷರಾಗಿದ್ದ ಶಿರಾದ ಕಡಲೆಕಾಯಿ ಸಾಹುಕಾರ ಶಂಕರಲಿಂಗಪ್ಪ ಕುರ್ಚಿಯಿಂದಲೇ ಗುಡುಗಿದರು. ಕ್ಲಬ್ಬಿನ ಕಾವಲು ಕೆಲಸ ಕೇಳಲು ಬಂದಿದ್ದ ಕ್ಯಾತಣ್ಣನ ಎಡಗೈ ಹಣೆಯ ಹತ್ತಿರವೇ ನಿಂತಿತು. ಬಾಗಿಲಾಚೆ ನಿಂತಿದ್ದ ಹೆಂಡತಿ ಈರಕ್ಕ, "ತಪ್ಪಾಯ್ತು ಅಂದ್ಬುಡಯ್ಯ, ಮನೇಲಿ ಒಲೆ ಹತ್ತಬ್ಯಾಡ್ವಾ?" ಎಂದು ಪಿಸುಗುಟ್ಟಿದಳು.

"ಬಲಗೈಗೇನು ರೋಗ ಬಂದೈತೋ?" ಎಂದರು ಸಾಹುಕಾರರು.

ಕ್ಯಾತಣ್ಣನ ಮೈಯೆಲ್ಲ ಉರಿದುಹೋಯಿತು. ಪ್ರಾಯವನ್ನೆಲ್ಲ ಇದೇ ಕ್ಲಬ್ಬಿಗೆ ಕೂಲಿಗೆ ಬೌಲಿಂಗ್ ಮಾಡಿ ಕಳೆದವನು ಅವನು. ಭುಜ ಊದಿಕೊಂಡ ದಿನವೂ, "ಇನ್ನೊಂದೇ ಓವರ್ ಕಣ್ಲಾ ಕ್ಯಾತ" ಎಂದು ಕ್ಲಬ್ಬಿನವರು ಬೆನ್ನು ತಟ್ಟಿ ಚೆಂಡು ಕೊಡುತ್ತಿದ್ದರು. ಈಗ ಆ ಬಲತೋಳು ಎದೆಮಟ್ಟಕ್ಕೂ ಏಳದು. ಎಡಗೈಲಿ ಉಣ್ಣಬಾರದೆಂದು ಮುದ್ದೆಯ ತುತ್ತನ್ನೂ ಈರಕ್ಕನೇ ಬಾಯಿಗಿಡಬೇಕು.

ಅವನು ಎಡಗೈಯನ್ನು ಹಣೆಯಿಂದ ತೆಗೆದು, ಸಾಹುಕಾರರ ಬೆನ್ನ ಹಿಂದಿನ ಗಾಜಿನ ಬೀರುವಿನತ್ತ ಚಾಚಿದ. ದಸರಾ ಪಂದ್ಯಗಳಲ್ಲಿ ಗೆದ್ದ ಬೆಳ್ಳಿ ಕಪ್ಪುಗಳು ಅಲ್ಲಿ ಸಾಲಾಗಿ ಹೊಳೆಯುತ್ತಿದ್ದವು.

"ನನ್ ಬಲಗೈ ಅಲ್ಲೈತೆ ನೋಡಿ ಸ್ವಾಮಿ. ದಿನಾ ಒರೆಸಿ ಮಡಿಕ್ಕಂಡಿದ್ದೀರಲ್ಲ, ಸಲಾಮು ಬೇಕಾದ್ರೆ ಅದ್ರ ಕೈಲೇ ಹೊಡಿಸ್ಕಳಿ."

ಅಷ್ಟು ಹೇಳಿ ಎಡಗೈಯನ್ನೂ ಇಳಿಸಿಬಿಟ್ಟ. ಈರಕ್ಕ ಒಳಗೆ ಬಂದು, ಆ ಕೈ ಹಿಡಿದುಕೊಂಡು, "ನಡಿ ಹೋಗಾನ" ಎಂದಳು.