ಬಸ್ಸಿಗಾಗಿ ಅರ್ಧ ತಾಸು

ಹೊಟ್ಟೆಪಾಡಿಗೆ ಜಾಹೀರಾತುಗಳಿಗೆ ಕುಣಿಯುವ ಇಡ್ಲಿ, ಹಾಡುವ ಹಲ್ಲುಪುಡಿ ಡಬ್ಬಿಗಳ ಚಿತ್ರ ಬರೆಯುತ್ತ, ಉಳಿದ ಹೊತ್ತಿನಲ್ಲಿ ಅವನು ತನ್ನದೇ ಒಂದು ಆನಿಮೇಷನ್ ಕಿರುಚಿತ್ರ ಮಾಡಿದ. ಸ್ಟಾಪಿನಲ್ಲಿ ಬಸ್ಸಿಗೆ ಕಾಯುವ ಒಬ್ಬ ಮನುಷ್ಯ, ಅಷ್ಟೇ ಕತೆ. ಒಂಬತ್ತು ನಿಮಿಷದ ಸಿನಿಮಾಕ್ಕೆ ಆರು ಸಾವಿರಕ್ಕೂ ಹೆಚ್ಚು ಹಾಳೆಗಳನ್ನು ಒಬ್ಬನೇ ಕೈಯಾರೆ ಬರೆದ. ಆ ಮನುಷ್ಯ ಹುಬ್ಬು ಗಂಟಿಕ್ಕಬೇಕಾದರೂ ಆಕಳಿಸಬೇಕಾದರೂ, ಮೇಜಿನ ಮೇಲಿನ ಪುಟ್ಟ ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಂಡೇ ಗೆರೆ ಎಳೆಯುತ್ತಿದ್ದ. ಮುಗಿಸಲು ಹದಿನೆಂಟು ವರ್ಷ ಹಿಡಿಯಿತು.

ಚಿತ್ರೋತ್ಸವಕ್ಕೆ ಕಳಿಸಲು ಅಂದೇ ಕೊನೆಯ ದಿನ. ಮೊದಲು ಹೆಂಡತಿಗೆ ತೋರಿಸಿದ. ಮುಗಿದ ಮೇಲೆ ಆಕೆ ಸೆರಗಿನಿಂದ ಕಣ್ಣೊರೆಸಿಕೊಂಡಳು.

“ಅಳೂವಂಥಾದ್ದು ಏನೈತಿ ಅದರಾಗ? ಮಂದಿ ನಗಲಿ ಅಂತ ಮಾಡೀನಿ.”

“ಬಸ್ಸಿನ ಹಾದಿ ಕಾಯ್ಕೋತನ ಮುದುಕ ಆಗಿಬಿಟ್ನಲ್ರೀ, ಪಾಪ! ಗಲ್ಲ ಒಳಗ ಹೋಗಿ, ಕಣ್ಣಾಗಿನ ಕಳೀನೂ ಹೋತು. ಒಂಚೂರೂ ಗೊತ್ತಾಗದಂಗ ಮಾಡೀರಿ.”

“ಹುಚ್ಚಿ ಇದ್ದೀಯೇನ? ಎಲ್ಲೀ ಮುದುಕ? ಬರೇ ಅರ್ಧ ತಾಸಿನ ಕತಿ ಅದು! ಮೊದಲಿನ ಹಾಳ್ಯಾಗ ಇದ್ದಾಂವನ ಕಡೀ ಹಾಳ್ಯಾಗೂ ಅದಾನ.”

ಆಕೆ ಎದ್ದು, ಮೇಜಿನ ಮೇಲಿನ ಕನ್ನಡಿ ತಂದು ಅವನ ಮುಖದೆದುರು ಹಿಡಿದಳು.